ಬೀಚ್ ಬಿಟ್ಟು ಗೋವಾ: ಪೋರ್ಚುಗೀಸರಿಗೆ ಎದುರು ನಿಂತವರ ಊರುಗಳಲ್ಲಿ ಒಂದು ಸುತ್ತು

ಹುಬ್ಬಳ್ಳಿ, ಬೆಳಗಾವಿ ಕಡೆಯವರಿಗೆ ಗೋವಾ ಅಂದರೆ ಶನಿವಾರ ಹೋಗಿ ಸೋಮವಾರ ಬೆಳಿಗ್ಗೆ ಕೆಲಸಕ್ಕೆ ವಾಪಸ್ ಬರುವ ಜಾಗ. ನಾವೂ ಹಾಗೆ ಹೋಗಿ ಬಂದವರೇ. ಈ ಸಲ ಮಾತ್ರ ಬೀಚುಗಳನ್ನು ಪಕ್ಕಕ್ಕಿಟ್ಟು, ಪೋರ್ಚುಗೀಸರ ಆಳ್ವಿಕೆಯನ್ನು ಎದುರಿಸಿದವರ ಊರುಗಳನ್ನೇ ಹುಡುಕಿಕೊಂಡು ಹೋದೆವು. ಶಾಲೆಯಲ್ಲಿ ನಮಗೆ ಹೇಳಿಕೊಟ್ಟಿದ್ದು ಒಂದೇ ಸಾಲು: 1961ರಲ್ಲಿ ಸೇನೆ ಹೋಯಿತು, ಗೋವಾ ಬಿಡುಗಡೆಯಾಯಿತು. ಅದಕ್ಕೂ ಮುಂಚಿನ ನಾನೂರೈವತ್ತು ವರ್ಷ ಗೋವಾದ ಜನ ಸುಮ್ನೆ ಕೂತಿರಲಿಲ್ಲ. ಅದರ ಗುರುತುಗಳು ಊರೂರಲ್ಲಿವೆ. ಆದರೆ ಏನು ನೋಡಬೇಕು ಅಂತ ಮೊದಲೇ ಗೊತ್ತಿಲ್ಲದಿದ್ದರೆ ಪಕ್ಕದಲ್ಲೇ ಹಾದುಹೋದರೂ ಕಣ್ಣಿಗೆ ಬೀಳುವುದಿಲ್ಲ.

ನಾವು ಹಿಡಿದ ದಾರಿ ಇದು. ಬೆಳಗಾವಿಯಿಂದ ಚೋರ್ಲಾ ಘಾಟ್ ಇಳಿದು ವಾಳಪೈ, ಅಲ್ಲಿಂದ ಪಣಜಿ, ಆಮೇಲೆ ಮಡಗಾಂವ್, ಕುಂಕಳ್ಳಿ, ಕೊನೆಗೆ ಕಾರವಾರ. ಹೋದ ದಾರಿಯಲ್ಲೇ ವಾಪಸ್ ಬರುವ ಗೋಜಿಲ್ಲ. ಸ್ವಂತ ಗಾಡಿ ಇದ್ದರೆ ಒಳ್ಳೆಯದು. ಬಸ್ಸಿನಲ್ಲೂ ಆಗುತ್ತದೆ, ಆದರೆ ವಾಳಪೈ ಭಾಗವನ್ನು ಬಿಡಬೇಕಾಗಬಹುದು. ಚೋರ್ಲಾ ಘಾಟನ್ನು ಮಳೆಗಾಲದ ರಾತ್ರಿ ಮಾತ್ರ ಹತ್ತಿ ಇಳಿಯಬೇಡಿ. ಮಂಜು ಕವಿದರೆ ಎದುರಿನ ಲಾರಿ ತೀರಾ ಹತ್ತಿರ ಬರುವ ತನಕ ಕಾಣುವುದಿಲ್ಲ.

ಘಾಟ್ ಇಳಿದರೆ ಸತ್ತರಿ ತಾಲೂಕು. ಇದು ರಾಣೆ ಮನೆತನದವರ ಸೀಮೆ. ದೀಪಾಜಿ ರಾಣೆ 1852ರಲ್ಲಿ ವಾಳಪೈ ಹತ್ತಿರದ ನಾಣೂಸ್ ಕೋಟೆಯನ್ನು ಹಿಡಿದು ಮೂರು ವರ್ಷ ಪೋರ್ಚುಗೀಸರನ್ನು ಕಾಡಿದ. ಕೊನೆಗೆ ಸರ್ಕಾರವೇ ರಾಜಿಗೆ ಬಂತು. 1895ರಲ್ಲಿ ಇನ್ನೊಂದು ದಂಗೆ. ಆಫ್ರಿಕಾದ ಮೊಜಾಂಬಿಕ್‌ಗೆ ಹೋಗಿ ಹೋರಾಡಿ ಅಂತ ಇಲ್ಲಿನ ಮರಾಠಾ ಸಿಪಾಯಿಗಳಿಗೆ ಹುಕುಂ ಬಂತು. ಅವರು ಒಲ್ಲೆ ಅಂದರು, ದಾದಾ ರಾಣೆ ಜೊತೆಗೂಡಿದ. ಒಂದು ವಸಾಹತಿನ ಜನರನ್ನು ಇನ್ನೊಂದು ವಸಾಹತನ್ನು ತುಳಿಯಲು ಕಳಿಸುವ ಈ ಲೆಕ್ಕಾಚಾರ ನೋಡಿ! ನಾಣೂಸ್‌ನಲ್ಲಿ ಕೋಟೆ ಅಂತ ದೊಡ್ಡದೇನೂ ಉಳಿದಿಲ್ಲ. ಭರ್ಜರಿ ಬುರುಜು ನೋಡುವ ಆಸೆ ಇದ್ದವರು ಹೋಗಬೇಡಿ. ಇತಿಹಾಸದ ಹುಚ್ಚು ಇದ್ದರೆ ಒಂದು ಗಂಟೆ ಕೊಡಿ, ಸಾಕು.

ಪಣಜಿಯಲ್ಲಿ ಗಾಡಿಯನ್ನು ಒಂದು ಕಡೆ ನಿಲ್ಲಿಸಿ ನಡೆದೇ ಓಡಾಡಿ. ಮಾಂಡವಿ ನದಿ ದಂಡೆಯ ಹಳೆ ಸೆಕ್ರೆಟರಿಯೇಟ್‌ನಿಂದ ಶುರು ಮಾಡಿ. ಅದು ಮೂಲದಲ್ಲಿ ಬಿಜಾಪುರದ ಆದಿಲ್ ಶಾಹಿಗಳ ಅರಮನೆ. 1510ರಲ್ಲಿ ಪೋರ್ಚುಗೀಸ್ ದಂಡನಾಯಕ ಅಲ್ಬುಕರ್ಕ್ ಗೋವಾವನ್ನು ಕಿತ್ತುಕೊಂಡಿದ್ದು ಅವರಿಂದಲೇ. ಹೊನ್ನಾವರದ ಕಡಲ ದಂಡನಾಯಕ ತಿಮ್ಮಯ್ಯ, ಪೋರ್ಚುಗೀಸರ ಬಾಯಲ್ಲಿ ತಿಮೋಜ, ಗೋವಾದ ಮೇಲೆ ಬೀಳಲು ಅಲ್ಬುಕರ್ಕ್‌ನನ್ನು ಹುರಿದುಂಬಿಸಿದವನು. ಈ ಕಥೆಯ ಮೊದಲ ಪುಟದಲ್ಲಿ ನಮ್ಮ ಕರಾವಳಿಯವನೇ ಇದ್ದಾನೆ, ಅದೂ ಬಂದವರ ಪಕ್ಷದಲ್ಲಿ.

ಅರಮನೆಯ ಪಕ್ಕದಲ್ಲಿ ಒಬ್ಬ ಪಾದ್ರಿ ಹೆಂಗಸೊಬ್ಬಳ ಮೇಲೆ ಕೈಚಾಚಿ ನಿಂತ ವಿಚಿತ್ರ ಪ್ರತಿಮೆ ಇದೆ. ಸಂಮೋಹನ ವಿದ್ಯೆಗೆ ಹೆಸರಾದ ಅಬೆ ಫಾರಿಯಾ ಅವರದ್ದು. ಎಲ್ಲರೂ ಫೋಟೋ ತೆಗೆದು ಮುಂದೆ ಹೋಗುತ್ತಾರೆ. ಇವರ ತಂದೆಯ ಹೆಸರು 1787ರ ಪಿಂಟೊ ಬಂಡಾಯದ ಜೊತೆ ತಳಕು ಹಾಕಿಕೊಂಡಿದೆ. ಚರ್ಚಿನ ದೊಡ್ಡ ಹುದ್ದೆಗಳು ಬಿಳಿಯರಿಗೆ ಮಾತ್ರ ಅಂತ ಬೇಸತ್ತ ಗೋವಾದ ಪಾದ್ರಿಗಳು, ಕೆಲವು ಸೈನಿಕರು ಸೇರಿ ಸರ್ಕಾರ ಕೆಡವಲು ಸಂಚು ಹೂಡಿದ್ದರು. ಗುಟ್ಟು ರಟ್ಟಾಯಿತು. 47 ಜನರನ್ನು ಹಿಡಿದರು, 15 ಜನರಿಗೆ ಮರಣದಂಡನೆ ಆಯಿತು. ಫ್ರಾನ್ಸಿನ ಕ್ರಾಂತಿಗೂ ಎರಡು ವರ್ಷ ಮುಂಚಿನ ಮಾತು ಇದು.

ಅಲ್ಲಿಂದ ಆಜಾದ್ ಮೈದಾನ ಹತ್ತಿರ. ಮಧ್ಯದ ಕಂಬಗಳ ಮಂಟಪದಲ್ಲಿ ಹಿಂದೆ ಇದ್ದದ್ದು ಅಲ್ಬುಕರ್ಕ್ ಪ್ರತಿಮೆ. ಈಗ ಅಲ್ಲಿ ಗೋವಾ ಹೋರಾಟದ ಹಿರಿಯ ತ್ರಿಸ್ತಾವ್ ಬ್ರಗಾಂಸಾ ಕುನ್ಹಾ ಅವರ ಸ್ಮಾರಕ. 1946ರಲ್ಲಿ ಅವರನ್ನು ಹಿಡಿದು, ಸೇನಾ ಕೋರ್ಟಿನಲ್ಲಿ 8 ವರ್ಷ ಶಿಕ್ಷೆ ವಿಧಿಸಿ, ಪೋರ್ಚುಗಲ್‌ನ ಪೆನಿಷ್ ಕೋಟೆಯ ಜೈಲಿಗೆ ಅಟ್ಟಿದ್ದರು. ಮಂಟಪ ಬಿಟ್ಟುಕೊಟ್ಟ ಅಲ್ಬುಕರ್ಕ್ ಎಲ್ಲಿ ಹೋದ ಅಂತ ಕುತೂಹಲವಿದ್ದರೆ ಓಲ್ಡ್ ಗೋವಾದ ಪುರಾತತ್ವ ಮ್ಯೂಸಿಯಂಗೆ ಹೋಗಿ. ಅಲ್ಲಿ ನಿಂತಿದ್ದಾನೆ, ವೈಸ್‌ರಾಯ್‌ಗಳ ಸಾಲು ಸಾಲು ಚಿತ್ರಗಳೂ ಇವೆ. ಶುಕ್ರವಾರ ರಜೆ, ನೆನಪಿರಲಿ.

ಆಗ್ವಾದ ಕೋಟೆಗೆ ಹೋಗುವವರು ಒಂದು ವಿಷಯ ತಿಳಿದಿರಬೇಕು. ಮೇಲೆ ದೀಪಸ್ತಂಭ ಇರುವ ಕೋಟೆ ಬೇರೆ, ಕೆಳಗೆ ಸಮುದ್ರದ ಅಂಚಿಗೆ ಇರುವ ಜೈಲು ಬೇರೆ. ಜನ ಜಾಸ್ತಿ ಹೋಗುವುದು ಮೇಲಿನದಕ್ಕೆ. ಹೋರಾಟಗಾರರನ್ನು ಕೂಡಿಹಾಕಿದ್ದು ಕೆಳಗಿನ ಜೈಲಿನಲ್ಲಿ. 2015ರವರೆಗೂ ಅದು ನಿಜವಾದ ಜೈಲೇ ಆಗಿತ್ತು. 2021ರಲ್ಲಿ ಮ್ಯೂಸಿಯಂ ಆಗಿ ತೆರೆಯಿತು. ನನಗೆ ಅದು ಸ್ವಲ್ಪ ಜಾಸ್ತಿಯೇ ಪಾಲಿಶ್ ಮಾಡಿದಂತೆ ಅನಿಸಿತು. ಆದರೂ ಖೋಲಿಗಳನ್ನು ನೋಡಲೇಬೇಕು. ಮಧ್ಯಾಹ್ನ ಬಿಸಿಲು ಕಲ್ಲಿಗೆ ಬಡಿದು ಕಾಯುತ್ತದೆ, ಬೆಳಿಗ್ಗೆಯೇ ಹೋಗಿ. ಬಾಡಿಗೆ ಸ್ಕೂಟರ್ ತಗೊಂಡರೆ ಕಪ್ಪು ನಂಬರ್ ಪ್ಲೇಟಿನ ಮೇಲೆ ಹಳದಿ ಅಕ್ಷರ ಇರುವುದನ್ನೇ ತಗೊಳ್ಳಿ. ಬಿಳಿ ಪ್ಲೇಟಿನ ಗಾಡಿಯನ್ನು ಬಾಡಿಗೆಗೆ ಓಡಿಸುವುದು ಕಾನೂನಿಗೆ ವಿರುದ್ಧ, ಪೊಲೀಸರು ಹಿಡಿದರೆ ದಂಡ.

ಪಣಜಿಯಿಂದ ಮಡಗಾಂವ್‌ಗೆ ಕದಂಬ ಸಾರಿಗೆಯ ತಡೆರಹಿತ ಬಸ್ಸುಗಳಿವೆ. ಟಿಕೆಟ್ ಕೌಂಟರ್‌ನಲ್ಲೇ ಕೊಡುತ್ತಾರೆ, ಸಾಲು ಬೇಗ ಕರಗುತ್ತದೆ. ಮಡಗಾಂವ್ ಪೇಟೆಯ ನಡುವೆ ಲೋಹಿಯಾ ಮೈದಾನ. ಅಸೋಳ್ಣಾದ ಗೆಳೆಯ ಡಾ. ಜುಲಿಯಾವ್ ಮೆನೆಜಿಸ್ ಮನೆಗೆ ರಾಮಮನೋಹರ ಲೋಹಿಯಾ ಬಂದಿದ್ದು ಆರಾಮ ತಗೊಳ್ಳಲು. ಇಲ್ಲಿ ನಾಲ್ಕು ಜನ ಸೇರಿ ಸಭೆ ಮಾಡಲೂ ಅನುಮತಿ ಬೇಕು ಅಂತ ತಿಳಿದ ಮೇಲೆ ಅವರಿಗೆ ಆರಾಮ ಎಲ್ಲಿಯದು? 1946ರ ಜೂನ್ 18ರಂದು ಇಬ್ಬರೂ ಸಭೆ ನಡೆಸಲು ಈ ಮೈದಾನಕ್ಕೆ ಬಂದರು. ಪಿಸ್ತೂಲು ಎತ್ತಿದ ಅಧಿಕಾರಿಯ ಕೈಯನ್ನು ಲೋಹಿಯಾ ಹಿಡಿದು ಪಕ್ಕಕ್ಕೆ ಸರಿಸಿದರಂತೆ. ಇಬ್ಬರನ್ನೂ ಬಂಧಿಸಿದರು, ಆದರೆ ಜನರ ಬಾಯಿ ತೆರೆದಿತ್ತು. ಜೂನ್ 18 ಗೋವಾದಲ್ಲಿ ಕ್ರಾಂತಿ ದಿನ. ಆ ದಿನ ಹೋದರೆ ಇಲ್ಲಿ ಕಾರ್ಯಕ್ರಮ ಇರುತ್ತದೆ, ಜೊತೆಗೆ ಜಡಿಮಳೆಯೂ ಗ್ಯಾರಂಟಿ. ಮೈದಾನ ಚಿಕ್ಕದು, ಬೇಗ ನೋಡಿ ಮುಗಿಯುತ್ತದೆ. ಪೇಟೆಯಲ್ಲಿ ಭಾಜಿ-ಪಾವ್ ತಿಂದು ಮುಂದಕ್ಕೆ ಹೊರಡಿ.

ಇಡೀ ಸುತ್ತಾಟದಲ್ಲಿ ಒಂದೇ ಜಾಗ ಆರಿಸಿಕೊಳ್ಳಿ ಅಂದರೆ ನಾನು ಕುಂಕಳ್ಳಿಯನ್ನು ಹೇಳುತ್ತೇನೆ. ಮಡಗಾಂವ್‌ನಿಂದ ಕಾರವಾರದ ಕಡೆ ಸುಮಾರು 15 ಕಿ.ಮೀ., ಹೆದ್ದಾರಿಯ ಮೇಲೆಯೇ ಇದೆ. ಪೋರ್ಚುಗೀಸರು ಈ ಭಾಗದ ಗುಡಿಗಳನ್ನು ಒಡೆದಿದ್ದರು. ಊರಿನವರು ಕಂದಾಯ ಕೊಡುವುದನ್ನೇ ನಿಲ್ಲಿಸಿದರು. 1583ರ ಜುಲೈನಲ್ಲಿ ಚರ್ಚಿಗೆ ಜಾಗ ನೋಡಲು ಬಂದ ಐವರು ಜೆಸುಯಿಟ್ ಪಾದ್ರಿಗಳನ್ನೂ ಜೊತೆಗಿದ್ದ ಕೆಲವರನ್ನೂ ಊರಿನವರು ಕೊಂದರು. ಆಮೇಲೆ ಪೋರ್ಚುಗೀಸರು ಮಾತುಕತೆಗೆ ಬನ್ನಿ ಅಂತ ಊರಿನ 16 ಜನ ಮುಖಂಡರನ್ನು ಅಸೋಳ್ಣಾ ಕೋಟೆಗೆ ಕರೆಸಿದರು. ಕರೆದವರೇ ಕೊಂದರು. ಒಬ್ಬ ಮಾತ್ರ ಹೊಳೆಗೆ ಹಾರಿ, ಕಾರವಾರದ ಕಡೆ ಓಡಿ ಪ್ರಾಣ ಉಳಿಸಿಕೊಂಡ ಅನ್ನುತ್ತಾರೆ.

ಸತ್ತ ಪಾದ್ರಿಗಳಿಗೆ ಚರ್ಚು 1893ರಲ್ಲಿ ಧನ್ಯರ ಪಟ್ಟ, ಅಂದರೆ ಸಂತ ಪದವಿಗೂ ಮುಂಚಿನ ಮೆಟ್ಟಿಲು, ಕೊಟ್ಟಿತು. ಮುಖಂಡರ ಸ್ಮಾರಕ ಊರಿನಲ್ಲಿ ಎದ್ದು ನಿಂತಿದ್ದು ತೀರಾ ಈಚೆಗೆ. ಇಲ್ಲಿ ಯಾರು ಹುತಾತ್ಮರು ಅನ್ನುವುದಕ್ಕೆ ಎರಡು ಉತ್ತರ ಇವೆ, ಎರಡನ್ನೂ ಹೇಳುವವರು ಒಂದೇ ಊರಿನಲ್ಲಿ ಬಾಳುತ್ತಿದ್ದಾರೆ. ಊರ ದೇವತೆ ಶಾಂತಾದುರ್ಗೆಯನ್ನು ಆ ಕಾಲದಲ್ಲಿ ಫಾತರ್ಪಾಕ್ಕೆ ಸಾಗಿಸಿದ್ದರು. ಪ್ರತಿ ವರ್ಷ ಫಾಲ್ಗುಣದಲ್ಲಿ ಹನ್ನೆರಡು ಮನೆತನಗಳ ಹನ್ನೆರಡು ಛತ್ರಿ ಹಿಡಿದು ಆಕೆಯನ್ನು ಕುಂಕಳ್ಳಿಗೆ ಕರೆತರುತ್ತಾರೆ. ಗುಲಾಲು ಎರಚುತ್ತ ಬರುವ ಈ ಮೆರವಣಿಗೆಯಲ್ಲಿ ಕ್ರಿಶ್ಚಿಯನ್ನರೂ ಸೇರುತ್ತಾರೆ. ನಿಮ್ಮ ರಜೆ ಮಾರ್ಚ್ ಆಸುಪಾಸು ಇದ್ದರೆ ಈ ಹಬ್ಬದ ದಿನ ನೋಡಿಕೊಂಡೇ ಟಿಕೆಟ್ ಮಾಡಿ. ಹಳೆ ಬಟ್ಟೆ ಹಾಕಿಕೊಂಡು ಹೋಗಿ.

ಇನ್ನೊಂದು ಮಾತು. ಗೋವಾದ ಹಿರಿಯರ ಹತ್ತಿರ ಈ ವಿಷಯ ಎತ್ತುವಾಗ ತೀರ್ಪು ಮೊದಲೇ ಕೊಡಬೇಡಿ. ಪೋರ್ಚುಗೀಸ್ ಕಾಲದಲ್ಲಿ ಜೈಲು ಕಂಡವರ ಮನೆಯೂ ಇದೆ, ಆ ಕಾಲವನ್ನು ಪ್ರೀತಿಯಿಂದ ನೆನೆಯುವ ಮನೆಯೂ ಇದೆ. ಪೋರ್ಚುಗಲ್ ಪಾಸ್‌ಪೋರ್ಟ್ ಮಾಡಿಸಿಕೊಂಡು ಯುರೋಪಿಗೆ ದುಡಿಯಲು ಹೋದ ಮಕ್ಕಳು ಎರಡೂ ಕಡೆ ಇರಬಹುದು. ಕೇಳಿ, ಕೇಳಿಸಿಕೊಳ್ಳಿ, ಅಷ್ಟೇ.

ಕಾರವಾರದಲ್ಲಿ ಅಂಜುದೀವ್ ದ್ವೀಪಕ್ಕೆ ದೋಣಿ ಸಿಗುತ್ತದಾ ಅಂತ ತುಂಬ ಜನ ಕೇಳುತ್ತಾರೆ. ಇಲ್ಲ. ಅದು ನೌಕಾಪಡೆಯ ಜಾಗ. 1961ರ ನವೆಂಬರ್‌ನಲ್ಲಿ ಅಲ್ಲಿದ್ದ ಪೋರ್ಚುಗೀಸ್ ಸೈನಿಕರು ನಮ್ಮ ಪ್ರಯಾಣಿಕ ಹಡಗಿನ ಮೇಲೆ, ಮೀನುಗಾರರ ದೋಣಿಯ ಮೇಲೆ ಗುಂಡು ಹಾರಿಸಿದ್ದರು. ಒಬ್ಬ ಮೀನುಗಾರ ಸತ್ತ. ಡಿಸೆಂಬರ್ 18ರಂದು ನೌಕಾಪಡೆ ದ್ವೀಪಕ್ಕೆ ಇಳಿದಾಗ ನಮ್ಮ 7 ಜನ ನಾವಿಕರು ಪ್ರಾಣ ಕೊಟ್ಟರು. ಮಾರನೇ ದಿನ ಗೋವಾದ ಗವರ್ನರ್ ಜನರಲ್ ಶರಣಾದ. ಕೊನೆಯ ಮನುಷ್ಯ ಇರುವ ತನಕ ಹೋರಾಡಿ ಅನ್ನುವ, ಪೋರ್ಚುಗಲ್‌ನ ಸರ್ವಾಧಿಕಾರಿ ಸಲಜಾರ್‌ನ ಹುಕುಂ ಅವನ ಕೈಯಲ್ಲೇ ಇತ್ತು. ಅದನ್ನು ಪಾಲಿಸದೆ ಎಷ್ಟೋ ಜೀವ ಉಳಿಸಿದ.

ರೈಲೇ ಬೇಕು ಅನ್ನುವವರು ಲೋಂಡಾ ಮೇಲೆ ಹೋಗಿ. ದಾರಿಯಲ್ಲಿ ಸಿಗುವ ಕ್ಯಾಸಲ್‌ರಾಕ್ ನಮ್ಮ ಉತ್ತರ ಕನ್ನಡದ್ದು, ಪೋರ್ಚುಗೀಸರ ಕಾಲದಲ್ಲಿ ಗಡಿ ಸ್ಟೇಷನ್. ವಾಮನ ಸರ್ದೇಸಾಯಿ ಮತ್ತು ಲಿಬಿಯಾ ಲೋಬೊ ಗೋವಾ ಬಿಡುಗಡೆಗಾಗಿ ಗುಪ್ತ ರೇಡಿಯೋ ನಡೆಸುತ್ತಿದ್ದದ್ದು ಮೊದಲು ಮಹಾರಾಷ್ಟ್ರದ ಅಂಬೋಲಿಯಿಂದ, ಆಮೇಲೆ ಇದೇ ಕ್ಯಾಸಲ್‌ರಾಕ್ ಕಾಡಿನಿಂದ. 1955ರಿಂದ 1961ರವರೆಗೆ, ಕೊಂಕಣಿ ಮತ್ತು ಪೋರ್ಚುಗೀಸ್ ಭಾಷೆಯಲ್ಲಿ. ಗೋವಾ ಬಿಡುಗಡೆಯಾದ ಮೇಲೆ ಇಬ್ಬರೂ ವಿಮಾನ ಹತ್ತಿ, ಧ್ವನಿವರ್ಧಕದಲ್ಲಿ ಸುದ್ದಿ ಸಾರಿದರು. ಲಿಬಿಯಾ ಅವರಿಗೆ 2025ರಲ್ಲಿ, ನೂರು ದಾಟಿದ ಮೇಲೆ, ಪದ್ಮಶ್ರೀ ಬಂತು. ಹಗಲು ಹೊತ್ತಿನ ರೈಲನ್ನೇ ಆರಿಸಿಕೊಳ್ಳಿ, ರಾತ್ರಿ ಹೋದರೆ ಘಾಟಿನ ಸುರಂಗ, ಕಾಡು ಏನೂ ಕಾಣುವುದಿಲ್ಲ. ದೂಧ್‌ಸಾಗರದ ಹತ್ತಿರ ರೈಲಿನಿಂದ ಇಳಿಯಬೇಡಿ. ಹಳಿ ಮೇಲೆ ನಡೆಯುವುದಕ್ಕೆ ನಿಷೇಧ ಇದೆ, ರೈಲ್ವೆ ಪೊಲೀಸರು ನಿಂತೇ ಇರುತ್ತಾರೆ.