ಮೊದಲೇ ಏಕೆ ಓಡಲಿಲ್ಲ?

ಮಕ್ಕಳ ಆಪ್ತಸಮಾಲೋಚಕಿಯಾದ ನಾನು ಶಿಕ್ಷಕರ ತರಬೇತಿಗಳಲ್ಲಿ ಆಸ್ಟ್ರಿಯಾದ ನತಾಷಾ ಕಾಂಪುಶ್ ಪ್ರಕರಣವನ್ನು ಹೇಳುವುದುಂಟು. 1998ರ ಮಾರ್ಚ್ 2ರಂದು ವಿಯೆನ್ನಾದಲ್ಲಿ ಶಾಲೆಗೆ ಹೊರಟಿದ್ದ ಹತ್ತು ವರ್ಷದ ಹುಡುಗಿಯನ್ನು ಒಬ್ಬಾತ ವ್ಯಾನಿಗೆ ಎಳೆದುಕೊಂಡು ಹೋಗಿ, ತನ್ನ ಗ್ಯಾರೇಜಿನ ಕೆಳಗಿನ ಕಿಟಕಿಯಿಲ್ಲದ ನೆಲಮಾಳಿಗೆಯಲ್ಲಿ ಕೂಡಿಹಾಕಿದ. 3,096 ದಿನಗಳ ನಂತರ, 2006ರ ಆಗಸ್ಟ್ 23ರಂದು ಆಕೆ ತಾನೇ ತಪ್ಪಿಸಿಕೊಂಡಳು. ಇಷ್ಟು ಹೇಳಿ ಮುಗಿಸುವಷ್ಟರಲ್ಲಿ ಪ್ರಶ್ನೆ ಬಂದೇ ಬರುತ್ತದೆ: 'ಮೊದಲೇ ಏಕೆ ಓಡಲಿಲ್ಲ?'

ಹೋದ ವರ್ಷ ಬಸವನಗುಡಿಯ ಮದುವೆಯೊಂದರಲ್ಲಿ, ಬಾಳೆಲೆಯ ಮೇಲಿನ ಹೋಳಿಗೆಗೆ ತುಪ್ಪ ಹಾಕಿಸಿಕೊಳ್ಳುತ್ತ, ನಮ್ಮ ದೊಡ್ಡಮ್ಮನ ಬೀಗರು ಇದನ್ನೇ ಇನ್ನಷ್ಟು ಚೆನ್ನಾಗಿ ಕೇಳಿದರು: 'ಅವಳನ್ನು ಹೊರಗೂ ಕರೆದೊಯ್ಯುತ್ತಿದ್ದನಂತಲ್ಲಮ್ಮ, ಅವಳಿಗೂ ಅಲ್ಲೇ ಒಗ್ಗಿಹೋಗಿತ್ತೇನೋ?' ಆ 'ಒಗ್ಗಿಹೋಗಿತ್ತೇನೋ' ಎಂಬ ಮಾತು ಕಿವಿಗೆ ಬಿದ್ದಮೇಲೆ ನನಗೆ ಹೋಳಿಗೆ ರುಚಿಸಲಿಲ್ಲ. ಬಾಗಿಲು, ಕಿಟಕಿಗಳಿಗೆಲ್ಲ ಸ್ಫೋಟಕ ಇಟ್ಟಿದ್ದೇನೆ, ನೀನು ಯಾರ ಸಹಾಯ ಕೇಳಿದರೂ ಅವರನ್ನೂ ಕೊಲ್ಲುತ್ತೇನೆ ಎಂದು ಅವನು ಅವಳನ್ನು ಹೆದರಿಸಿಟ್ಟಿದ್ದ. ಹತ್ತು ವರ್ಷದ ಮಗು ಅದನ್ನು ನಂಬಿತು. ಗುಮ್ಮ ಬರುತ್ತಾನೆಂದು ಹೆದರಿಸಿ ಮಕ್ಕಳಿಗೆ ಅನ್ನ ತಿನ್ನಿಸುವ ನಮಗೆ ಇದು ಅರ್ಥವಾಗದಿರುವುದು ಸೋಜಿಗ. ಇನ್ನು ಇದು 'ಸ್ಟಾಕ್‌ಹೋಮ್ ಸಿಂಡ್ರೋಮ್', ಅಂದರೆ ಸೆರೆಯಾದವರಿಗೆ ಸೆರೆಹಿಡಿದವನ ಮೇಲೆಯೇ ಒಲವು ಮೂಡುವುದು, ಎನ್ನುವವರಿಗೆ: ಆ ಹೆಸರು 1973ರ ಒಂದು ಬ್ಯಾಂಕ್ ದರೋಡೆಯಿಂದ ಬಂದದ್ದು, ಅಲ್ಲಿ ಒತ್ತೆಯಾಳುಗಳಿದ್ದುದು ಆರು ದಿನ. ಆ ಹಣೆಪಟ್ಟಿಯನ್ನು ನತಾಷಾ ಸ್ವತಃ ಒಪ್ಪಿಲ್ಲ.

ಯಾರೂ ಕೇಳದ ಪ್ರಶ್ನೆಯೊಂದಿದೆ. ತಪ್ಪಿಸಿಕೊಂಡ ದಿನ ಅವಳು ಅವನ ಕಾರನ್ನು ವ್ಯಾಕ್ಯೂಮ್ ಕ್ಲೀನರ್‌ನಿಂದ ಶುಚಿ ಮಾಡುತ್ತಿದ್ದಳು. ಅವನಿಗೆ ಫೋನ್ ಬಂದಾಗ ಕ್ಲೀನರ್‌ನ ಸದ್ದು ತಾಳಲಾರದೆ ಅವನು ತುಸು ದೂರ ಹೋದ. ಅವಳು ಯಂತ್ರವನ್ನು ಆರಿಸದೆ ಓಡಿದಳು. ಬೇಲಿಗಳನ್ನು ಹಾರಿ, ಎದುರಾದವರಲ್ಲಿ ಪೊಲೀಸರಿಗೆ ಫೋನ್ ಮಾಡಿ ಎಂದು ಬೇಡಿದಳು. ಯಾರೂ ಕಿವಿಗೊಡಲಿಲ್ಲ. ಕೊನೆಗೆ ಕಿಟಕಿ ಬಡಿದು ತನ್ನ ಹೆಸರು ಹೇಳಿದಾಗ 71 ವರ್ಷದ ಒಬ್ಬ ವೃದ್ಧೆ ಪೊಲೀಸರನ್ನು ಕರೆಸಿದರು. ಎಂಟು ವರ್ಷ ಅವಳೇಕೆ ಓಡಲಿಲ್ಲವೆಂದು ಕೇಳುವವರು, ಆ ದಾರಿಹೋಕರು ಎರಡು ನಿಮಿಷ ಏಕೆ ನಿಲ್ಲಲಿಲ್ಲವೆಂದು ಕೇಳುವುದಿಲ್ಲ.

ಪಂಕ್ತಿಯಲ್ಲೇ ನಾನು ಬೀಗರನ್ನು ಕೇಳಿದೆ: 'ಮೈಯೆಲ್ಲ ಬಿಳಿಚಿಕೊಂಡ ಹುಡುಗಿಯೊಬ್ಬಳು ಏದುಸಿರು ಬಿಡುತ್ತ ನಿಮ್ಮ ಬಾಗಿಲು ಬಡಿದರೆ 1098ಕ್ಕೆ ಫೋನ್ ಮಾಡುತ್ತೀರಾ?' ಅದು ಮಕ್ಕಳ ಸಹಾಯವಾಣಿಯೆಂದು ವಿವರಿಸಬೇಕಾಯಿತು. ಅವರು ಸ್ವಲ್ಪ ಯೋಚಿಸಿ, 'ನಮ್ಮ ಅಪಾರ್ಟ್‌ಮೆಂಟಿನಲ್ಲಿ ಹಾಗೆಲ್ಲ ಆಗುವುದಿಲ್ಲಮ್ಮ, ಸೆಕ್ಯೂರಿಟಿಯವರು ಗೇಟಿನಿಂದ ಒಳಗೇ ಬಿಡುವುದಿಲ್ಲ' ಎಂದು, ಮಜ್ಜಿಗೆಗೆ ಕೈ ಚಾಚಿದರು.