ಅಕ್ಕ-ತಂಗಿ ಸೂರ್ಯರ ಪಂಚಾಂಗ

ಮಗಳಿಗೆ ರಾತ್ರಿ ಹೇಳುವ ಕಥೆಯೊಂದು ಎರಡು ವರ್ಷದಿಂದ ಎಳೆಯುತ್ತಲೇ ಇದೆ. ಆ ಲೋಕಕ್ಕೆ ಎರಡು ಸೂರ್ಯ. ದೊಡ್ಡದು ಹಳದಿ, ಅದು ಅಕ್ಕ. ಚಿಕ್ಕದು ಕೆಂಪು, ಅದು ತಂಗಿ. ಹೆಸರಿಟ್ಟವಳು ಮಗಳೇ. ಎಲ್ಲಾ ಸುಸೂತ್ರವಾಗಿ ನಡೆಯುತ್ತಿತ್ತು. ಒಂದು ದಿನ, "ಅಪ್ಪಾ, ಅಲ್ಲಿ ಬರ್ತ್‌ಡೇ ಎಷ್ಟು ದಿನಕ್ಕೊಂದು ಸಲ ಬರುತ್ತೆ?" ಅಂದಳು. ನಾನು ಸೊಸೈಟಿಯಲ್ಲಿ ಸಾಲದ ಲೆಜರ್ ಬರೆಯುವವನು. ಲೆಕ್ಕ ಕೇಳಿದರೆ ಬಾಯಿಗೆ ಬಂದದ್ದು ಹೇಳೋಕೆ ಆಗಲ್ಲ.

ಸುಮ್ನೆ ಕಲ್ಪಿಸೋದು ಬೇಡ ಅಂತ ನಿಜವಾದ ಒಂದು ಜೋಡಿಯ ಲೆಕ್ಕ ಹಿಡಿದೆ. ಕೆಪ್ಲರ್-16. ಎರಡು ನಕ್ಷತ್ರವನ್ನು ಒಟ್ಟಿಗೆ ಸುತ್ತುವ ಗ್ರಹ ಅಲ್ಲಿದೆ ಅಂತ 2011ರಲ್ಲಿ ತಿಳಿಯಿತು. ನಕ್ಷತ್ರಗಳೆರಡೂ ಒಂದನ್ನೊಂದು ಸುತ್ತೋಕೆ 41 ದಿನ. ಗ್ರಹ ಆ ಜೋಡಿಯನ್ನು ಸುತ್ತೋಕೆ 229 ದಿನ. ಗ್ರಹ ಮಾತ್ರ ಸುಖ ಇಲ್ಲ. ನಮ್ಮ ಶನಿಯಷ್ಟು ದಪ್ಪ, ಮೈನಸ್ 70 ಡಿಗ್ರಿಗಿಂತ ಕೆಳಗಿನ ಚಳಿ. ರಾಗಿ ಬೆಳೆಯೋ ಜಾಗವಲ್ಲ. ಹಾಗಾಗಿ ದಿನಗಳ ಲೆಕ್ಕ ಮಾತ್ರ ಸಾಲ ತಂದೆ, ನೆಲ ನಮ್ಮದೇ.

ಮೊದಲು ಮಾಡಿದ್ದು ಶುದ್ಧ ತಪ್ಪು. ಅಕ್ಕ-ತಂಗಿ 41 ದಿನಕ್ಕೆ ಒಂದು ಸುತ್ತು ಅಂದಮೇಲೆ ತಿಂಗಳಿಗೆ 41 ದಿನ ಅಂದುಕೊಂಡೆ. ಐದು ತಿಂಗಳಿಗೆ 205 ದಿನ. ಉಳಿದ 24 ದಿನ ಜಾತ್ರೆ. ಮಗಳಿಗೆ ಖುಷಿಯೋ ಖುಷಿ. ಎಕ್ಸೆಲ್ ಶೀಟ್‌ಗೆ ಬಣ್ಣ ಬೇರೆ ತುಂಬಿದ್ದೆ.

ತಪ್ಪು ಗೊತ್ತಾದದ್ದು ಅಮ್ಮನ ಒಂಟಿಕೊಪ್ಪಲ್ ಪಂಚಾಂಗದಿಂದ. ಯಾರದೋ ಮನೆಯ ನಾಮಕರಣಕ್ಕೆ ದಿನ ನೋಡೋಕೆ ಹಾಳೆ ತಿರುಗಿಸುತ್ತಿದ್ದೆ. ಚೈತ್ರದ ಹುಣ್ಣಿಮೆ ಚಿತ್ತಾ ನಕ್ಷತ್ರದ ಹತ್ತಿರ. ವೈಶಾಖದ್ದು ವಿಶಾಖೆಯ ಹತ್ತಿರ. ತಿಂಗಳಿಗೆ ಆ ಹೆಸರು ಬಂದದ್ದೇ ಅದರಿಂದ. ಇದೇನು ಹೊಸ ವಿಷಯವಲ್ಲ, ಆದರೆ ಅವತ್ತು ತಲೆಗೆ ಹೊಡೆಯಿತು. ಚಂದ್ರ ಅದೇ ನಕ್ಷತ್ರಕ್ಕೆ 27 ದಿನ ಚಿಲ್ಲರೆಯಲ್ಲಿ ವಾಪಸ್ ಬರುತ್ತಾನೆ. ಹುಣ್ಣಿಮೆಯಿಂದ ಹುಣ್ಣಿಮೆಗೆ ಇಪ್ಪತ್ತೊಂಬತ್ತೂವರೆ ದಿನ. ಅಷ್ಟರಲ್ಲಿ ನಾವೂ ಸೂರ್ಯನ ಸುತ್ತ ಮುಂದಕ್ಕೆ ಹೋಗಿರುತ್ತೇವಲ್ಲ, ಎರಡು ದಿನ ಜಾಸ್ತಿ ಬೇಕು.

ನನ್ನ ಲೋಕದಲ್ಲೂ ಅದೇ ಕಥೆ. ಅಕ್ಕ-ತಂಗಿ ಸುತ್ತು ಮುಗಿಸೋದು 41 ದಿನಕ್ಕೇ. ನೆಲದ ಮೇಲೆ ನಿಂತವನಿಗೆ ಅದೇ ನೋಟ ಮತ್ತೆ ಕಾಣೋಕೆ ಇನ್ನೂ ಒಂಬತ್ತು ದಿನ ಬೇಕು. ಬಡ್ಡಿ ಹಾಕುವ ಕ್ಯಾಲ್ಕುಲೇಟರ್‌ನಲ್ಲೇ ನೋಡಿದೆ. 50 ದಿನ, ಚೂರು ಆಚೀಚೆ. ಕಥೆಗೆ ಸರಿಯಾಗಿ 50 ಅಂತಲೇ ಇಟ್ಟುಕೊಂಡೆ. ಜಾತ್ರೆ ಹೋಯಿತು ಅಂತ ಮಗಳು ಎರಡು ದಿನ ಮಾತು ಬಿಟ್ಟಳು.

ಆದರೆ ಆಮೇಲೆ ಪಕ್ಷಗಳು ತಾವಾಗೇ ಹುಟ್ಟಿಕೊಂಡವು ನೋಡಿ. ಆಕಾಶದಲ್ಲಿ ಇಬ್ಬರೂ ಹೆಚ್ಚೆಂದರೆ 18 ಡಿಗ್ರಿ ದೂರ ಹೋಗುತ್ತಾರೆ. ಕೈ ಚಾಚಿ ಗೇಣು ಹಿಡಿದರೆ ಅದರೊಳಗೇ ಬರುವಷ್ಟು. ಒಬ್ಬಳು ಹುಟ್ಟಿ ಗಂಟೆ ಮೇಲೆ ಹತ್ತು ಹದಿನೈದು ನಿಮಿಷದೊಳಗೆ ಇನ್ನೊಬ್ಬಳೂ ಹುಟ್ಟಿಬಿಡುತ್ತಾಳೆ. ಎರಡು ಸೂರ್ಯ ಇದ್ದರೆ ರಾತ್ರಿಯೇ ಇರಲ್ಲ ಅಂತ ನಾನೂ ಅಂದುಕೊಂಡಿದ್ದೆ. ಇಲ್ಲಿ ಹಾಗಿಲ್ಲ, ರಾತ್ರಿ ಚೆನ್ನಾಗೇ ಆಗುತ್ತೆ. ಸುಮಾರು 25 ದಿನ ಅಕ್ಕ ಮೊದಲು ಹುಟ್ಟುತ್ತಾಳೆ, ಇನ್ನು 25 ದಿನ ತಂಗಿ ಮೊದಲು. ಬೆಳಿಗ್ಗೆ ಹಿತ್ತಲ ಬಾಗಿಲು ತೆಗೆದಾಗ ಗೋಡೆ ಕೆಂಪಗಿದ್ದರೆ ತಂಗಿಪಕ್ಷ. ತಿಥಿ ಬೇಕಿದ್ದರೆ ಗೇಣು ಹಿಡಿದು ಬೆರಳು ಎಣಿಸೋದು.

ಎರಡು ಪಕ್ಷಗಳ ಸಂದಿಯಲ್ಲಿ ಒಂದು ಸಲ ತಂಗಿ ಅಕ್ಕನ ಹಿಂದೆ ಪೂರಾ ಮುಚ್ಚಿಹೋಗುತ್ತಾಳೆ. ಅದು 'ಮರೆ'. ಇನ್ನೊಂದು ಸಲ ಅಕ್ಕನ ಮುಂದೆ ಹಾಯುತ್ತಾಳೆ. ಅಗಲದಲ್ಲಿ ಅವಳು ಅಕ್ಕನ ಮೂರನೇ ಒಂದು ಪಾಲು. ಹಾಗಾಗಿ ಹಳದಿ ಮುಖದ ಮೇಲೆ ಕುಂಕುಮ ಇಟ್ಟ ಹಾಗೆ ಕಾಣುತ್ತದೆ. ಅದು 'ಬೊಟ್ಟು'. ಬೊಟ್ಟಿಂದ ಬೊಟ್ಟಿಗೆ ಒಂದು ತಿಂಗಳು.

ನೆರಳಿನ ಕಥೆ ಬೇರೆ ಇದೆ. ಒಂದು ರಾತ್ರಿ ಊಟದ ಮೇಜಿನ ಮೇಲೆ ಆಲೂಗಡ್ಡೆಗೆ ತೆಂಗಿನ ಕಡ್ಡಿ ಚುಚ್ಚಿ ನಿಲ್ಲಿಸಿದೆವು. ದೂರದಲ್ಲಿ ಹಳದಿ ಬಲ್ಬು, ಹತ್ತಿರದಲ್ಲಿ ಕೆಂಪು ಜೀರೋ ಬಲ್ಬು. ಬಿಳಿ ಹಾಳೆಯ ಮೇಲೆ ನೆರಳು ಎರಡು ಬಿದ್ದವು, ಎರಡಕ್ಕೂ ಬಣ್ಣ! ಹಳದಿ ತಡೆದ ಕಡೆ ಕಡುಕೆಂಪು. ಕೆಂಪು ತಡೆದ ಕಡೆ ಮಬ್ಬು ಹಸಿರು. ಅಮ್ಮ ಬಂದು ನೋಡಿ, "ಹೊತ್ತು ಯಾವ ನೆರಳಲ್ಲಿ ನೋಡ್ತಾರೋ?" ಅಂದರು. ಕೆಂಪು ನೆರಳು ಅಕ್ಕನದು, ಅದರಲ್ಲೇ ಅಂತ ತೀರ್ಮಾನವಾಯಿತು.

ಇನ್ನು ವರ್ಷ. 229 ದಿನದೊಳಗೆ ನಾಲ್ಕು ತಿಂಗಳು ಹಿಡಿಸಿದರೆ 29 ದಿನ ಉಳಿಯುತ್ತದೆ, ಐದು ಹಿಡಿಸೋಕೆ ಹೋದರೆ 21 ದಿನ ಕಮ್ಮಿ. ಮಳೆ ತಿಂಗಳ ಮಾತು ಕೇಳಲ್ಲ. ಭರಣಿ ಮಳೆ ಬಂದರೆ ಧರಣಿಯೆಲ್ಲಾ ಬೆಳೆ ಅನ್ನುವ ನಮ್ಮ ರೈತರೂ ಬಿತ್ತನೆಗೆ ಎಣಿಸೋದು ಸೂರ್ಯನ ನಕ್ಷತ್ರವನ್ನೇ. ಅಂದರೆ ಅಲ್ಲೂ ಅಧಿಕ ಮಾಸ ಬೇಕೇ ಬೇಕು. 12 ವರ್ಷ ಕೂಡಿದರೆ 2748 ದಿನ. 55 ತಿಂಗಳಿಗೆ 2750. ಎರಡೇ ದಿನ ವ್ಯತ್ಯಾಸ! ರಾತ್ರಿ ಹನ್ನೊಂದಕ್ಕೆ ಒಬ್ಬನೇ ಚಪ್ಪಾಳೆ ತಟ್ಟಿದೆ. ಆ ಹನ್ನೆರಡರಲ್ಲಿ ಐದು ವರ್ಷಕ್ಕೆ ತಲಾ ನಾಲ್ಕು ತಿಂಗಳು, ಏಳು ವರ್ಷಕ್ಕೆ ತಲಾ ಐದು ತಿಂಗಳು.

ಐದನೇ ತಿಂಗಳಿಗೆ 'ಕಡ' ಅಂತ ಹೆಸರಿಟ್ಟೆ. ಕಡ ಬಂದರೆ ಜಗಳವೂ ಬರುತ್ತದೆ. ಸಾಲ ಕೊಟ್ಟ ಸೆಟ್ಟಿ ಅದಕ್ಕೂ ಬಡ್ಡಿ ಕೇಳುತ್ತಾನೆ. "ಕಡದಲ್ಲಿ ಬೆಳೆ ಇಲ್ಲ, ಬಡ್ಡಿ ಎಲ್ಲಿಂದ ತರ್ಲಿ?" ಅನ್ನುತ್ತಾಳೆ ಕುಂಬಾರಗಿತ್ತಿ. ಈ ಭಾಗ ಬರೆಯೋಕೆ ನನಗೆ ಕಲ್ಪನೆಯೇ ಬೇಕಾಗಲಿಲ್ಲ.

ಉಳಿದ ಎರಡು ದಿನ ಬಿಡಲಿಲ್ಲ. 12 ವರ್ಷಕ್ಕೆ ಎರಡು, 300 ವರ್ಷಕ್ಕೆ ಐವತ್ತು. ಅಂದರೆ 300 ವರ್ಷಕ್ಕೊಮ್ಮೆ, ಬರಬೇಕಾದ ಕಡ ಬರೋದೇ ಇಲ್ಲ. ನಮ್ಮಲ್ಲೂ ಕ್ಷಯ ಮಾಸ ಅಂತ ಇದೆಯಲ್ಲ, ಕಾರಣ ಬೇರೆಯಾದರೂ. ಈಗ ಕಥೆ ಆ ವರ್ಷಕ್ಕೆ ಬಂದು ನಿಂತಿದೆ. ಕಥೆಯ ಹುಡುಗಿ ಹುಟ್ಟಿದ್ದು ಕಡದಲ್ಲಿ. "ಅವಳಿಗೆ ಈ ವರ್ಷ ಕೇಕ್ ಇಲ್ವಾ?" ಅಂತ ಮಗಳು ನಿನ್ನೆ ಕೇಳಿ, ಉತ್ತರಕ್ಕೆ ಕಾಯದೆ ಮಲಗಿಬಿಟ್ಟಳು. ಇವತ್ತು ರಾತ್ರಿಯೊಳಗೆ ಏನಾದರೂ ಹೊಂದಿಸಬೇಕು.