ಬರೆದವನೂ ನಾನೇ, ಬೇಡ ಅನ್ನೋರು ಯಾರು?

"ಸರ್, ಇದನ್ನ ಬೇರೆ ಯಾರೋ ಬರೆದಿದ್ರೆ ಮೊದಲ ದಿನಾನೇ ತೆಗೆಸ್ತಿದ್ರಿ ಅಲ್ವಾ?"

ಮಂಗಳವಾರ ರಾತ್ರಿ ನನ್ನ ಸಿನಿಮಾದ ಎಡಿಟರ್ ಹೀಗೆ ಕೇಳಿದಾಗಿನಿಂದ ಬೇರೇನೂ ತಲೆಗೆ ಹೋಗುತ್ತಿಲ್ಲ. ನನ್ನ ಕಡೆ ತಿರುಗಲೂ ಇಲ್ಲ ಅವಳು, ಸ್ಕ್ರೀನ್ ಮೇಲಿನ ಎಡಿಟಿಂಗ್ ಟೈಮ್‌ಲೈನ್ ನೋಡುತ್ತಲೇ ಕೇಳಿದಳು. ಅಜ್ಜ ಗೋಡೆ ಗಡಿಯಾರ ಬಿಚ್ಚಿ ರಿಪೇರಿ ಮಾಡುವ ಸೀನ್. 4 ನಿಮಿಷ 10 ಸೆಕೆಂಡ್, ಒಂದೇ ಶಾಟ್, ಮಾತೇ ಇಲ್ಲ. ಇಡೀ ಸಿನಿಮಾ ಹುಟ್ಟಿದ್ದೇ ಆ ಸೀನಿನಿಂದ. ಈಗ ಸಿನಿಮಾಗೇ ಅದು ಬೇಡವಾಗಿದೆ.

"ನಿಂಗೆ ತಾಳ್ಮೆ ಇಲ್ಲ" ಅಂದುಬಿಟ್ಟೆ. ಎಂಟು ತಿಂಗಳಿಂದ ಅರ್ಧ ಸಂಬಳಕ್ಕೆ ನನ್ನ ಜೊತೆ ರಾತ್ರಿ ಕೂರುವವಳಿಗೆ!

ಸ್ವಂತ ಸಿನಿಮಾ ಅಂದರೆ ಹೇಳೋರು ಕೇಳೋರು ಇಲ್ಲ, ಆರಾಮು ಅಂತ ಹೊರಗಿನವರು ಅಂದುಕೊಳ್ಳುತ್ತಾರೆ. ಹೇಳೋರು ಕೇಳೋರು ಇಲ್ಲದ್ದೇ ಕಷ್ಟ. ಬರೆದವನ ಜೊತೆ ನಿರ್ದೇಶಕ ಜಗಳ ಆಡಬೇಕು, ಇದು ಉದ್ದ, ಇದು ಸುಮ್ನೆ ಅಂತ. ನನ್ನೊಳಗೆ ಇಬ್ಬರೂ ಒಬ್ಬನೇ, ಒಬ್ಬರ ಬೆನ್ನು ಒಬ್ಬರು ತಟ್ಟಿಕೊಂಡು ಕೂತಿರುತ್ತಾರೆ. ಕ್ಯಾಮೆರಾಮ್ಯಾನ್ ಅಂತೂ ಎಲ್ಲದಕ್ಕೂ "ಸೂಪರ್ ಸರ್". ತುಂಬಾ ಒಳ್ಳೆಯವನು, ಅದೇ ತೊಂದರೆ.

ನಮಗೆ 'ಬೇಡ' ಅನ್ನೋದು ದುಡ್ಡು ಮಾತ್ರ. ಕ್ರಿಸ್ಟೋಫರ್ ನೋಲನ್ ತಮ್ಮ ಮೊದಲ ಚಿತ್ರ, 1998ರ 'ಫಾಲೋಯಿಂಗ್' ಮಾಡುವಾಗ ಎಲ್ಲರಿಗೂ ಬೇರೆ ಕೆಲಸ ಇತ್ತು, ಶೂಟಿಂಗ್ ಶನಿವಾರ ಮಾತ್ರ, ಸುಮಾರು ಒಂದು ವರ್ಷ. ಫಿಲ್ಮ್ ರೀಲಿಗೆ ದುಡ್ಡು ಸಾಲದೆ ಚೆನ್ನಾಗಿ ರಿಹರ್ಸಲ್ ಮಾಡಿ ಒಂದೋ ಎರಡೋ ಟೇಕಿಗೆ ಮುಗಿಸುತ್ತಿದ್ದರು. ನಂದು ಡಿಜಿಟಲ್. ಗಡಿಯಾರದ ಸೀನಿಗೆ 11 ಟೇಕ್. ದುಡ್ಡೂ ಬೇಡ ಅನ್ನಲಿಲ್ಲ ನೋಡಿ.

ಕೈ ಖಾಲಿಯಾದಾಗಲೆಲ್ಲ ಯಾರಾದರೂ ಸತ್ಯಜಿತ್ ರಾಯ್ ಕಥೆ ಹೇಳಿ ಸಮಾಧಾನ ಮಾಡುತ್ತಾರೆ: ಮೊದಲ ಚಿತ್ರ 1952ರಲ್ಲಿ ಶುರುವಾಗಿ 1955ರಲ್ಲಿ ಬಿಡುಗಡೆ ಆಯಿತು, ಅಷ್ಟರಲ್ಲಿ ವಿಮೆ ಪಾಲಿಸಿಯೂ ಗ್ರಾಮಫೋನ್ ರೆಕಾರ್ಡುಗಳೂ ಹೋಗಿದ್ದವು. ಸರಿ. ಆ ಚಿತ್ರಕ್ಕೂ ಮುಂದಿನವಕ್ಕೂ ಎಡಿಟಿಂಗ್ ಮಾಡಿದ ದುಲಾಲ್ ದತ್ತ ಅವರ ಹೆಸರನ್ನು ಯಾರೂ ಎತ್ತುವುದಿಲ್ಲ. ಅಡವಿಟ್ಟಿದ್ದು ಕಥೆಯಾಗುತ್ತೆ, ಪಕ್ಕದ ಕುರ್ಚಿಯಲ್ಲಿ ಕೂತವರು ಆಗಲ್ಲ.

ಗುರುವಾರ ನಾನೇ "ತೆಗಿ" ಅಂದೆ. ಅವಳು ಪೂರ್ತಿ ತೆಗೆಯಲಿಲ್ಲ. 11ನೇ ಟೇಕಿನಲ್ಲಿ ಒಂದು ಸ್ಕ್ರೂ ಕೈಜಾರಿ ಮೇಜಿನ ಮೇಲೆ ಉರುಳುತ್ತದೆ, ಇನ್ನೇನು ಅಂಚಿನಿಂದ ಬೀಳಬೇಕು, ಅಜ್ಜ ಅಂಗೈ ಅಡ್ಡ ಹಿಡಿದು ತಡೆಯುತ್ತಾರೆ. ಆ 6 ಸೆಕೆಂಡ್ ಇಟ್ಟಳು. ಸ್ಕ್ರಿಪ್ಟಿನಲ್ಲಿ ಅದು ಇರಲೇ ಇಲ್ಲ.

ನಿನ್ನೆ ಆ ಹಿರಿಯ ನಟರಿಗೆ ಫೋನ್ ಮಾಡಿದೆ. ಈ ಸೀನಿಗೋಸ್ಕರ ಎರಡು ವಾರ ಗಡಿಯಾರ ಬಿಚ್ಚೋದು ಕಲಿತವರು. ಹೇಗೋ ಧೈರ್ಯ ಮಾಡಿ ಹೇಳಿದೆ: ಸ್ಕ್ರೂ ಉರುಳೋದು ಮಾತ್ರ ಉಳಿದಿದೆ ಸರ್.

ಸ್ವಲ್ಪ ಹೊತ್ತು ಮಾತಿಲ್ಲ. ಆಮೇಲೆ, "ಅಯ್ಯೋ, ಅದು ನನ್ನಿಂದ ತಪ್ಪಾಗಿದ್ದಲ್ವೇನಪ್ಪಾ, ಅದನ್ನ ಯಾಕೆ ಇಟ್ರಿ?"